ಜೂನ್ ಒಂದು

ನಮ್ಮ ಕೇರಿಯಲ್ಲಿ ಹುಟ್ಟಿದ ವಾರವೇ ಹೆಸರು.
ಭಾನುವಾರ ಬಂದವನು ಐತ, ಗುರುವಾರದವನು ಗುರುವ.
ಶನಿವಾರ ನಡುರಾತ್ರಿ, ಚಿಮಣಿಯೆಣ್ಣೆ ಮುಗಿದ ಮೇಲೆ ಬಂದ ನಾನು
ತನಿಯಾರು.
ಯಾರೂ ನನಗೆ ಹೆಸರು ಹುಡುಕಲಿಲ್ಲ,
ಬರುವಾಗಲೇ ಮುಷ್ಟಿಯಲ್ಲಿ ಹಿಡಿದು ತಂದಿದ್ದೆ.

ಕೆಮ್ಮಣ್ಣಿನ ಶಾಲೆಯ ದೇಜಪ್ಪ ಮಾಸ್ಟ್ರು
ದಾಖಲಾತಿ ಪುಸ್ತಕ ತೆರೆದು, ಪೆನ್ನು ಕೊಡವಿ
"ಹೆಣ್ಣುಮಗುವಿಗೆ ಶನಿಯ ಹೆಸರು ಬೇಡ ಮಾರಾಯ್ತಿ" ಎಂದರು.
ಶನಿಯ ಶ ಮಾತ್ರ ಉಳಿಸಿಕೊಂಡು ಬರೆದರು:
ಶಾಲಿನಿ.
"ಹುಟ್ಟಿದ ತಾರೀಕು?"
ಅಮ್ಮ ಮೆಟ್ಟಿಲ ಕೆಳಗೆ, ಮಾರಲು ತಂದ ಬುಟ್ಟಿಗಳ ಪಕ್ಕದಲ್ಲಿ ನಿಂತು
ಹೇಳಿದ್ದು ವಾರ, ಮಳೆ, ಹಲಸಿನಕಾಯಿಯ ಲೆಕ್ಕ.
ಆ ಕಾಲಮ್ಮಿನಲ್ಲಿ ಅಷ್ಟು ಜಾಗ ಇರಲಿಲ್ಲ.
ಜೂನ್ ಒಂದು, ಎಂಬತ್ತೊಂದು.

ನಮ್ಮ ಬೆಂಚಿನಲ್ಲಿ ಐದು ಮಂದಿ. ಐವರಿಗೂ ಜೂನ್ ಒಂದು.
ಐದು ಗುಡಿಸಲುಗಳ ಮಕ್ಕಳನ್ನು
ಶಾಲೆ ಒಂದೇ ಹೆರಿಗೆಯಲ್ಲಿ ಹೆತ್ತಿತ್ತು.

ಪ್ರತಿ ಜುಲೈಗೆ ಸ್ಕಾಲರ್‌ಶಿಪ್ಪಿನ ಕಾಗದ.
"ಕೊರಗರ ಮಕ್ಕಳು ಎದ್ದು ನಿಲ್ಲಿ."
ತಲೆ ಎಣಿಸುವುದು ಒಂದು ನಿಮಿಷದ ಕೆಲಸ.
ಏಳನೇ ಕ್ಲಾಸಿನ ಜುಲೈಯಲ್ಲಿ ಎದ್ದು ನಿಂತ ಗುರುವ
ಮತ್ತೆ ಕೂರಲಿಲ್ಲ;
ಹಾಗೇ ನಡೆದ, ಗೇಟು ದಾಟಿ, ಗದ್ದೆಯ ಬದು ದಾಟಿ.
ಈಗ ಬೆಳಿಗ್ಗೆ ಆರಕ್ಕೆ ನೋಡಿದರೆ
ನಗರಸಭೆಯ ಕಸದ ಲಾರಿಯ ಹಿಂದೆ
ಇನ್ನೂ ನಿಂತೇ ಇರುತ್ತಾನೆ.

ನಾನು ಕೂತೆ. ಯಾಕೆಂದು ಕೇಳಬೇಡಿ.
ಹೊಸ ಪುಸ್ತಕಕ್ಕೆ ವಾಸನೆ ಇತ್ತು.
ವಾರ್ಷಿಕೋತ್ಸವಕ್ಕೆ "ನೀನು ಡೋಲು ಬಾರಿಸು" ಅಂದರು,
ನನಗೆ ಡೋಲು ಬರುತ್ತಿರಲಿಲ್ಲ,
ಹತ್ತೊಂಬತ್ತರವರೆಗೆ ಮಗ್ಗಿ ಬರುತ್ತಿತ್ತು.
ಜ್ವರ ಬಂದು ಮಲಗಿದ್ದಾಗ ದೇಜಪ್ಪ ಮಾಸ್ಟ್ರು
ಕೊಡೆ ಹಿಡಿದು ಗುಡಿಸಲಿನ ತನಕ ಬಂದರು,
ಭಿನ್ನರಾಶಿ ಹೇಳಿಕೊಟ್ಟರು,
ಅಮ್ಮ ಕೊಟ್ಟ ನೀರು ಕುಡಿಯಲಿಲ್ಲ.
ಎರಡೂ ನಿಜ.
ಎರಡನ್ನೂ ಒಂದೇ ಚೀಲದಲ್ಲಿ ಹೊತ್ತುಕೊಂಡು ಟೀಚರಾದೆ.

ಎಂಬತ್ತೊಂದರ ಜೂನ್ ಒಂದು ಸೋಮವಾರವಂತೆ.
ಸೋಮವಾರ ಹುಟ್ಟಿದ ಶಾಲಿನಿ ಎಂಬವಳೊಬ್ಬಳು
ನನ್ನ ಸಂಬಳಕ್ಕೆ ಸಹಿ ಹಾಕುತ್ತಾಳೆ.
ನಿವೃತ್ತಿಯೂ ಅವಳದೇ.

ಈ ಸಲ ಬಾಗಿಲು ತೆರೆದ ವಾರ
ಅಜ್ಜಿಯೊಬ್ಬಳು ಮೊಮ್ಮಗಳನ್ನು ಯುಕೆಜಿಗೆ ಕರೆತಂದು
ಅದೇ ಮೆಟ್ಟಿಲ ಕೆಳಗೆ ನಿಂತಳು.
"ಬಲೆ, ಕುಳ್ಳುಲೆ" ಅಂದೆ.
ಕಾದ ಕಾವಲಿಯ ಮೇಲೆ ಕೂತಂತೆ ಕುರ್ಚಿಯ ತುದಿಯಲ್ಲಿ ಕೂತಳು.
ಮಗುವಿನ ಹೆಸರು ಅಂಗಾರು.
ಹುಟ್ಟಿದ್ದು?
"ಎರಡನೇ ಲಾಕ್‌ಡೌನು. ಆಟೋ ಬರಲಿಲ್ಲ, ಮನೆಯಲ್ಲೇ ಆಯಿತು.
ಮಲ್ಪೆಯಲ್ಲಿ ಬೋಟು ಕಟ್ಟಿದ ದಿನ.
ಬಾಣಂತಿಗೆ ಒಂದು ತುಂಡು ಮೀನು ಸಿಗದೆ
ಬರೀ ಮೆಣಸಿನ ಸಾರು ಬಡಿಸಿದ್ದೇನೆ, ಮರೆಯಲಿಕ್ಕುಂಟಾ?"

ಮೊಬೈಲಿನಲ್ಲಿ ಐದು ವರ್ಷ ಹಿಂದಕ್ಕೆ ಸರಿಸಿದೆ.
ಬೋಟು ಕಟ್ಟಿದ ದಿನ. ಮಂಗಳವಾರ.
ಜೂನ್ ಒಂದು.
ನಿಜಕ್ಕೂ ಜೂನ್ ಒಂದು!

ನಾನು ನಕ್ಕದ್ದಕ್ಕೆ ಅಜ್ಜಿ ಹೆದರಿದಳು.
ಮೇಲಿನ ಕಚೇರಿಯವರು ಕೇಳುತ್ತಾರೆ ನೋಡಿ:
ಏನು ಟೀಚರೇ, ನೀವೂ ವಿಚಾರಿಸದೆ ಬರೆದಿರಾ?
ಈ ಮಗುವಿನ ಸತ್ಯಕ್ಕೆ
ನಮ್ಮ ಐವರ ಸುಳ್ಳಿನದೇ ಮುಖ.

ಹೆಸರಿನ ಒಂದಕ್ಷರ ಮುಟ್ಟದೆ ಬರೆದೆ.
ತಾರೀಕಿನ ಪಕ್ಕ, ಅಂಚಿನಲ್ಲಿ, ಯಾರೂ ಕೇಳದ ಜಾಗದಲ್ಲಿ
ಪೆನ್ಸಿಲಿನಿಂದ "ಮಂಗಳವಾರ" ಎಂದು ಸೇರಿಸಿದೆ.

ಅಷ್ಟರಲ್ಲಿ ಅಂಗಾರು ಮೇಜಿನ ಮೇಲಿದ್ದ ರಬ್ಬರು ಎತ್ತಿಕೊಂಡು
ಮೂಸಿದಳು,
ನನ್ನನ್ನೇ ನೋಡುತ್ತಾ ಒಂದು ಮೂಲೆ ಕಚ್ಚಿದಳು.
ಕಚ್ಚಲಿ ಎಂದು ಬಿಟ್ಟೆ.