ಮೊಣಕಾಲ ಕೆಳಗೆ

ವಿರಾಜಪೇಟೆಯ ಗಡಿಯಾರ ಕಂಬದ ಹಿಂದೆ
ನನ್ನ ಜೆರಾಕ್ಸ್ ಅಂಗಡಿ. ಒಳಗೋಡೆಗೆ
ಹಸಿರು ಬೆಡ್‌ಶೀಟು, ನಾಲ್ಕು ಮೊಳೆ.
ಅದರ ಮುಂದೆ ಡ್ರಿಲ್ ಮೇಷ್ಟ್ರು ಪಳಂಗಪ್ಪ
ಪ್ಯಾಂಟು ಮಡಚಿ ನಿಂತರು,
ಒಂದು ಕೈಲಿ ಪರೆ, ಒಂದು ಕೈಲಿ ಬೆತ್ತ,
ಪುತ್ತರಿಯ ಮಂದಿನಲ್ಲಿ ನಿಂತ ಹಾಗೇ.

ಹೊಡೆದಾಟದ ಆಟ ಇದು. ಯಾರು ಬೇಕಾದರೂ
ಯಾರನ್ನು ಬೇಕಾದರೂ ಮಾಡಿ ಬಿಡಬಹುದು.
ಕೊರಿಯಾದವನೊಬ್ಬ ಅಜ್ಜಿಯ ಫ್ರಿಜ್ಜನ್ನು ಬಿಟ್ಟಿದ್ದಾನೆ,
ಪೆರುವಿನವನೊಬ್ಬ ಮೂರು ತಲೆಯ ಕೋಳಿಯನ್ನು.
ನನ್ನ ಹಾರ್ಡ್‌ಡಿಸ್ಕಿನಲ್ಲಿ ಮೂರು ಸಾವಿರ ಜಗಳಗಂಟರು,
ಒಬ್ಬನಿಗೂ ಪರೆಯಕಳಿ ಬಾರದು.

ನೂರ ನಲವತ್ತೆರಡು ಚಿತ್ರ.
ಒಂದೊಂದರ ಅಂಚಿನ ಹಸಿರನ್ನೂ
ಉಗುರ ಕೊಳೆ ತೆಗೆದಂತೆ ತೆಗೆದೆ.
ಹಗಲು ಹಾಲ್‌ಟಿಕೆಟು, ಪಹಣಿ, ಆಧಾರ್;
ರಾತ್ರಿ ಷಟರ್ ಅರ್ಧ ಎಳೆದು ಮೇಷ್ಟ್ರ ಮೀನಖಂಡ.

ಪೆಟ್ಟು ಹೋಗುವ ಜಾಗಕ್ಕೆ ಕೆಂಪು ಚೌಕ ಕಟ್ಟಬೇಕು,
ಪೆಟ್ಟು ತಿನ್ನುವ ಜಾಗಕ್ಕೆ ನೀಲಿ.
ಕೆಂಪನ್ನು ಎದೆಯೆತ್ತರಕ್ಕೆ ಕಟ್ಟಿ ತೋರಿಸಿದೆ.
"ಇಳಿಸು. ಮೊಣಕಾಲ ಮೇಲೆ ಬಿದ್ದದ್ದು ಪೆಟ್ಟೇ ಅಲ್ಲ ಮಗಾ."
"ಎದುರಿನವ ಬೆಂಕಿ ಎಸೀತಾನೆ ಸಾರ್, ಮುಖಕ್ಕೇ."
"ಅದು ಅವನ ಮರ್ಯಾದೆ."

ಇಳಿಸಿದೆ. ಹಾರಬಲ್ಲವರೆಲ್ಲ ಗೆದ್ದರು. ಕೋಳಿಯೂ ಗೆದ್ದಿತು.
ಫ್ರಿಜ್ಜಿಗೆ ಮೊಣಕಾಲೇ ಇಲ್ಲ;
ತೊಂಬತ್ತೊಂಬತ್ತು ಸೆಕೆಂಡೂ ಮೇಷ್ಟ್ರು
ಅದರ ಸುತ್ತ ಸುಮ್ಮನೆ ಹೆಜ್ಜೆ ಹಾಕಿದರು.

ಅಪರೂಪಕ್ಕೆ ಗೆದ್ದರೆ, ಸೋತವನನ್ನು ತಬ್ಬಬೇಕಂತೆ.
ಮೂರು ಸಾವಿರ ಮೈಗೆ ಮೂರು ಸಾವಿರ ಅಪ್ಪುಗೆ ಬರೆಯಲು
ನನ್ನ ಆಯಸ್ಸು ಸಾಲದು.
ಹಾಗಾಗಿ ಗೆದ್ದ ಮೇಷ್ಟ್ರು ಗಾಳಿಯನ್ನು ತಬ್ಬುತ್ತಾರೆ.
ಅದರ ಬೆನ್ನನ್ನು ಎರಡು ಸಲ ತಟ್ಟುತ್ತಾರೆ.

ಇಳಿಸಿಕೊಂಡವರು ಹತ್ತೊಂಬತ್ತು ಮಂದಿ.
ಅವರಲ್ಲೊಬ್ಬ ಮೇಷ್ಟ್ರನ್ನು ತಿದ್ದಿ ಮತ್ತೆ ಹರಿಯಬಿಟ್ಟ:
ಕಣ್ಣಲ್ಲಿ ಕೆಂಡ, ಬೆತ್ತದ ತುದಿಗೆ ಸಿಡಿಲು,
ಕತ್ತು ಹಾರಿಸುವ ಹೊಡೆತ ಏಳು.
ಹೆಸರೂ ಬೇರೆ, ನನಗೆ ಓದಲು ಬಾರದ ಲಿಪಿ.

ಅಂಜುತ್ತಲೇ ತೋರಿಸಿದೆ.
ಮೇಷ್ಟ್ರು ಸಿಡಿಲು ನೋಡಲಿಲ್ಲ.
ಅರುವತ್ತೊಂದನೆಯ ಚಿತ್ರದಲ್ಲಿ ಎಡಗಾಲು
ಒಂದು ಚೂರು ತಡವಾಗಿ ಊರುತ್ತದೆ,
ತಿತಿಮತಿಯ ತಿರುವಿನಲ್ಲಿ ಸ್ಕೂಟರು ಬಿದ್ದ ವರ್ಷದ್ದು.
ಅದನ್ನು ಅವನು ತಿದ್ದಿರಲಿಲ್ಲ.

"ಇನ್ನೊಮ್ಮೆ ಹಾಕು," ಅಂದರು.
ಕರೆಂಟು ಹೋಗುವವರೆಗೂ ಹಾಕಿದೆ.
ಆ ಬೆಂಕಿಯವನು ಕುಂಟುತ್ತಾ ಬಂದ, ಮತ್ತೆ ಬಂದ;
ಕುರ್ಚಿಯ ಕೆಳಗೆ ಮೇಷ್ಟ್ರ ಚಪ್ಪಲಿ
ಅವನ ಜೊತೆಗೇ, ಚೂರು ತಡವಾಗಿ,
ನೆಲ ತಟ್ಟುತ್ತಿತ್ತು.