ನುಲ್ಲಾ ಬೋನಾ

ತೀನ್ ಕಂದೀಲಿನ ಹಿಂದೆ, ಗಡಿಯಾರ ರಿಪೇರಿಯವನ ನೆತ್ತಿಯ ಮೇಲೆ
ಹದಿನಾಲ್ಕು ಮೆಟ್ಟಿಲು. ಎಣಿಸಬೇಕಿಲ್ಲ, ಕಾಲಿಗೆ ಗೊತ್ತು.
ಹತ್ತೊಂಬತ್ತರಲ್ಲಿ, ಆರೂವರೆಯ ಬ್ಯಾಚಿಗೆ ಓಡಿ ಹತ್ತಿದವನು.
ಇವತ್ತು ಏದುಸಿರು, ಕಂಕುಳಲ್ಲಿ ಜಪ್ತಿ ವಾರಂಟು,
ಬೆನ್ನಿಗೆ ಪತ್ತಿನ ಸಂಘದ ಗುಮಾಸ್ತ ಶರಭಪ್ಪ,
ಕೆಳಗೆ ಹಮಾಲರಿಬ್ಬರು, ಖಾಲಿ ತಳ್ಳುಗಾಡಿ.

‘ಬರ್ರಿ ಅಮೀನ ಸಾಹೇಬ್ರ, ಕುಂದರ್ರಿ’ ಅಂದರು ಜೀಲಾನಿ ಮಾಸ್ತರು.
ಹೆಸರು ಹಿಡಿದು ಕರೆಯಲಿಲ್ಲ.
ಅದು ನನಗವರು ಕೊಟ್ಟ ರಿಯಾಯಿತಿ.

ಎರಡು ಲಕ್ಷ ಹನ್ನೊಂದು ಸಾವಿರ, ಬಡ್ಡಿ ಬೇರೆ.
ಸಾಲ ತೆಗೆದದ್ದು ಆರು ಕಂಪ್ಯೂಟರಿಗೆ.
ಅವು ಕಣ್ಣು ಮುಚ್ಚಿ ಎಷ್ಟೋ ವರ್ಷ.
ಉಳಿದಿರುವುದು ಅವಕ್ಕಿಂತ ಮುದುಕ, ಈ ಏಳು ಟೈಪ್‌ರೈಟರು,
ಮೂಲೆಯ ಒಂದರ ಮುಂದೆ ದೇವದುರ್ಗದ ಹುಡುಗಿ:
ಎ ಎಸ್ ಡಿ ಎಫ್, ಸೆಮಿಕೋಲನ್ ಎಲ್ ಕೆ ಜೆ,
ನಾವು ಬಂದದ್ದಕ್ಕೆ ಬೆರಳು ನಿಲ್ಲಿಸಲಿಲ್ಲ.

ಪಟ್ಟಿ ಮಾಡಿದೆ.
ಉಡುವ ಬಟ್ಟೆ ಮುಟ್ಟಬಾರದು. ಅಡುಗೆ ಪಾತ್ರೆ, ಹಾಸಿಗೆ,
ಹೆಂಗಸರ ಕೊರಳಿನ ಕರಿಮಣಿ ಮುಟ್ಟಬಾರದು.
ಕಸುಬುದಾರನ ಹತಾರ ಮುಟ್ಟಬಾರದು.
ಅರವತ್ತನೆಯ ಕಲಮು ನನಗೆ ಮಗ್ಗಿಯಂತೆ ಬಾಯಿಪಾಠ.

‘ಹತಾರ ಎಲ್ಲಿ ಬಂತ್ರಿ, ಗುಜರಿ ಅದು’ ಶರಭಪ್ಪನೆಂದ,
‘ಕಿಲೋ ಲೆಕ್ಕದಾಗ ಹಾಕಿದ್ರೂ ಬಡ್ಡಿಗೆ ಆಗ್ತದ.
ಒಬ್ಬಾಕಿ ಹುಡುಗಿಗೆ ಏಳು ಯಂತ್ರ ಬೇಕೇನ್ರಿ?’
ಲೆಕ್ಕ ತಪ್ಪಿರಲಿಲ್ಲ.
ನಾನು ಕಿಟಕಿಯಾಚೆ ನೋಡಿದೆ. ಕೋಟೆಯ ಗುಡ್ಡ,
ಬಂಡೆಯ ಮೇಲೊಂದು ಆಡು, ಯಾರ ಪಟ್ಟಿಯಲ್ಲೂ ಇಲ್ಲದ್ದು.

ಹಳೇ ಅಮೀನರು ನಿಜಾಮರ ಕಾಲದ ನಾಲಿಗೆಯಲ್ಲಿ ಕುರ್ಕಿ ಅನ್ನುತ್ತಿದ್ದರು.
ಏನೂ ಸಿಗದೆ ಬರಿಗೈಲಿ ಬಂದರೆ
ವಕೀಲರ ಪುಸ್ತಕದಲ್ಲಿ ಅದಕ್ಕೆ ಲ್ಯಾಟಿನ್ ಹೆಸರು:
ನುಲ್ಲಾ ಅಂದರೆ ಇಲ್ಲ. ಬೋನಾ ಅಂದರೆ ಸರಕು.
ನನ್ನ ಕಿವಿ ಮಸ್ಕಿಯ ಕಡೆಯದು,
ಅದಕ್ಕೆ ಬೋನ ಅಂದರೆ ಅವ್ವ ಗಂಗಾಳಕ್ಕೆ ಬಡಿಸುತ್ತಿದ್ದ ಬಿಸಿ ಅನ್ನ,
ದ್ಯಾಮವ್ವನ ಮುಂದೆ ಎತ್ತಿ ಹಿಡಿದ ಎಡೆ.
ಕೊಂಬು ಸ್ವಲ್ಪ ಜಾರಿದರೆ ಬೋನು, ಇಲಿ ಬೀಳುವ ಪೆಟ್ಟಿಗೆ.
ಬೋನವಿಲ್ಲ ಅಂದರೆ ಹಸಿವು.
ಬೋನಿಲ್ಲ ಅಂದರೆ ಬಿಡುಗಡೆ.
ರೋಮಿನವರು ಯಾವುದನ್ನು ಬರೆದರೋ,
ನಾನು ಪ್ರತಿ ಸಲ ಎರಡರ ನಡುವೆ ನಿಂತು ಸಹಿ ಹಾಕಿದ್ದೇನೆ.

ಮೂರನೆಯ ಯಂತ್ರಕ್ಕೆ ಹಾಳೆ ತೊಡಿಸಿ ಕೂತೆ.
ಹಳೇ ರೋಗ ಹಾಗೇ ಇದೆ, ಎನ್ ಕೀಲಿ ಒತ್ತಿದರೆ ಎದ್ದು ಬರುವುದಿಲ್ಲ,
ಉಗುರಿನಿಂದ ಕೀಳಬೇಕು.
‘ಎಲ್ ಎರಡು, ಎನ್ ಒಂದೇ’ ಬೆನ್ನ ಹಿಂದಿನಿಂದ ಮಾಸ್ತರು,
‘ಮತ್ತ ಕಿರುಬೆರಳು ಮ್ಯಾಲೆತ್ತಬ್ಯಾಡ.’
ಈಗ ನಾನು ಸಾಹೇಬನಲ್ಲ.

ಶರಭಪ್ಪ ತಕರಾರು ಬರೆದುಕೊಂಡ, ಬರೆಯಲಿ, ಅದು ಅವನ ಕೆಲಸ.
‘ಹಂಗಾದ್ರ ಸಾಲ ಹೋತೇನ್ರಿ ಸರ್?’ ಕೇಳಿದ್ದು ಹುಡುಗಿ,
ಅಷ್ಟು ಹೊತ್ತಿನಲ್ಲಿ ಮೊದಲ ಸಲ ಕೈ ನಿಂತಿತ್ತು.
ಮಾಸ್ತರು ನಕ್ಕರು.
‘ಸಾಲ ಎಲ್ಲಿ ಹೋಗ್ತದವ್ವ? ಡಿಕ್ರಿಗೆ ಹನ್ನೆರಡು ವರ್ಷ ಆಯುಷ್ಯ.
ನನಗ ಎಷ್ಟೋ ಗೊತ್ತಿಲ್ಲ.
ಹಿಡಿಯಾಕ ಏನೂ ಸಿಗಲಿಲ್ಲ ಅಂತ ಬರದಾರ, ಅಷ್ಟ.
ಕೊಡೋದಿಲ್ಲ ಅಂತ ಯಾರು ಬರದ್ರು?’

ಖಾಲಿ ಗಾಡಿ ಕಲ್ಲಿನ ಮೇಲೆ ಕುಲುಕುತ್ತ ಹೋಯಿತು.
ಹಮಾಲರಿಗೆ ಕೂಲಿ ಸಂಘದ್ದೇ.

ಏಳುವಾಗ ಮಾಸ್ತರು ಕೈ ಚಾಚಿದರು: ‘ಹಾಳೀದು ಎರಡು ರೂಪಾಯಿ.’
ಜೇಬಿನಲ್ಲಿ ಐನೂರರ ನೋಟು ಒಂದೇ.
‘ಇರಲಿ’ ಎಂದು ಉದ್ದನೆಯ ಖಾತೆ ಪುಸ್ತಕ ತೆಗೆದರು,
ರಟ್ಟು ಹರಿದ, ಹುಣಸೆ ಅಂಟಿನ ವಾಸನೆಯ ಪುಸ್ತಕ.
ನನ್ನ ಪುಟ ಹುಡುಕಲು ಅವರಿಗೆ ಹೊತ್ತು ಹಿಡಿಯಲಿಲ್ಲ.
ಅಲ್ಲಿ ನನ್ನ ಹೆಸರು ಮೊದಲೇ ಇತ್ತು,
ಇಂಕು ಕಂದಾಗಿ:
ಜುಲೈ ತಿಂಗಳ ಫೀಸು, ಮೂವತ್ತು, ಬಾಕಿ.
ಅದರ ಕೆಳಗೆ, ಒಂದು ಗೆರೆಯೂ ಬಿಡದೆ,
ಇವತ್ತಿನ ತಾರೀಖು ಹಾಕಿದರು.