ಎಳೆ ಕಡಿದಾಗ

ಶಿಡ್ಲಘಟ್ಟದ ಗೂಡು ಮಾರುಕಟ್ಟೆ.
ಹರಾಜಿನ ಸರ್ವರ್ ಮತ್ತೆ ಮಲಗಿತ್ತು.
ಮೂರು ಸಲ ಕೇಳು, ಪ್ರತಿ ಸಲ ಇಮ್ಮಡಿ ಕಾಯಿ,
ಆಮೇಲೆ ಕದ ಹಾಕು, ತುಸು ಬಿಟ್ಟು ಇಣುಕು:
ಲೈಬ್ರರಿಯ ಫೈಲಿನಲ್ಲಿ ಹಾಗಿತ್ತು, ಹಾಗೇ ಬರೆದೆ.

ಟೀಗೆಂದು ಹೊರಟವನು
ಖಮರುನ್ನಿಸಾ ಅವರ ಬಾಣಲೆಯ ಮುಂದೆ ನಿಂತೆ.
ಹಬೆ. ಬೆಂದ ಹುಳದ ವಾಸನೆ.
ಎಳೆ ಕಡಿಯಿತು.
ರಾಟೆ ನಿಲ್ಲಲಿಲ್ಲ,
ಬಿಳಿಚಿದ ಬೆರಳು ತುದಿ ಹುಡುಕಿ ಎಸೆಯಿತು, ಹತ್ತಿತು.
ಮತ್ತೆ ಕಡಿಯಿತು.
ಮತ್ತೆ.
ಆ ಗೂಡನ್ನು ಬುಟ್ಟಿಗೆ ಹಾಕಿ
ಇನ್ನೊಂದರ ತುದಿ ಕೊಟ್ಟರು.

"ಎಷ್ಟು ಸಲ ನೋಡ್ತೀರಿ?"
"ಲೆಕ್ಕ ಇಡೋದು ನಾನಲ್ಲ ಸಾರ್,
ಬೆರಳು."

ವಾಪಸು ಬಂದು ಕೂತೆ.
ಮೂರು ಅಂತ ಬರೆದಿದ್ದೆನಲ್ಲ,
ಯಾಕೆ ಮೂರು?
ಕರ್ಸರ್ ಮಿಟುಕುತ್ತಿತ್ತು.
ಹೊರಗೆ ರೀಲರುಗಳು, ಯಾರೂ ಹೇಳದೆಯೇ,
ಬೀಡಿಕಟ್ಟಿನ ಕಾಗದ ಹರಿದು
ಬೆಲೆ ಬರೆಯತೊಡಗಿದ್ದರು.